ಅಡುಗೆಕಟ್ಟೆ ಯಾರ ಅಳತೆಗೆ?

ಹೋದ ದೀಪಾವಳಿಗೆ ಬನಹಟ್ಟಿಯ ನಮ್ಮ ಮನೆಯನ್ನು ಕೆಡವಬೇಕೋ ಬೇಡವೋ ಅಂತ ಮನೆಮಂದಿಯೆಲ್ಲ ಪಡಸಾಲೆಯಲ್ಲಿ ಕೂತು ಮಾತಾಡಿದೆವು. ಕೆಡವಬೇಡಿ ಅಂದವನು ನಾನೊಬ್ಬನೇ. ಆ ಮನೆಯಲ್ಲಿ ಈಗ ವಾಸ ಮಾಡದವನೂ ನಾನೊಬ್ಬನೇ.

ನನ್ನ ವಾದ ಜೋರಾಗೇ ಇತ್ತು. ಬೇವಿನ ತೊಲೆ, ಮಣ್ಣಿನ ಮಾಳಿಗೆ, ಎರಡಡಿ ದಪ್ಪದ ಗೋಡೆ, ನೆತ್ತಿಯ ಮೇಲಿಂದ ಬೆಳಕು ಬೀಳುವ ಬೆಳಕಿಂಡಿ. ಏಪ್ರಿಲ್ ಬಿಸಿಲಲ್ಲೂ ಫ್ಯಾನ್ ಇಲ್ಲದೆ ನಿದ್ದೆ ಬರುತ್ತೆ. ಇಂಥ ಮನೆ ಬೇಕು ಅಂತ ಬೆಂಗಳೂರಿನಲ್ಲಿ ಜನ ಆರ್ಕಿಟೆಕ್ಟ್‌ಗಳ ಹಿಂದೆ ಓಡಾಡ್ತಾರೆ, ಇದ್ದದ್ದನ್ನು ನಾವು ಜೆಸಿಬಿಗೆ ಕೊಡೋದಾ? ಅದಕ್ಕೆ ಸ್ವಲ್ಪ ದಿನ ಮುಂಚೆಯಷ್ಟೇ ನನ್ನ ಫ್ಲ್ಯಾಟಿಗೆ 1950ರ ದಶಕದ ಶೈಲಿಯ ಸೋಫಾ, ಕುರ್ಚಿ ತರಿಸಿದ್ದೆ. ಸಣ್ಣ ಕಾಲು, ಸರಳ ಗೆರೆ, ತೇಗದ ಬಣ್ಣ. ಇನ್‌ಸ್ಟಾಗ್ರಾಂನಲ್ಲಿ ನಮ್ಮಂಥವರೆಲ್ಲ ‘ಮಿಡ್‌ಸೆಂಚುರಿ’ ಅಂತ ಹುಡುಕಿ ಹುಡುಕಿ ಕೊಳ್ಳೋ ಸಾಮಾನು ಅದು. ನಮ್ಮದೇ ಊರಲ್ಲಿ ಅದೇ ಕಾಲದ ಇಡೀ ಮನೆಯೇ ಇದೆಯಲ್ಲ ಅನ್ನೋ ಹೆಮ್ಮೆಯೂ ತಲೆಯಲ್ಲಿತ್ತು.

ಅವ್ವ ಎಲ್ಲ ಕೇಳಿಸಿಕೊಂಡು ಅಂದಳು: “ನಿನಗ ಜಂತಿ ಕಾಣಸ್ತಾವು ತಮ್ಮಾ. ನಾ ಈ ಮನ್ಯಾಗ ಮೂವತ್ತೆಂಟು ವರ್ಷ ಇದ್ದೇನಿ, ನನಗ ಹೊಗಿ ಕಾಣಸ್ತೈತಿ. ಅಷ್ಟ ಚಂದ ಇದ್ರ ನೀ ಬಂದು ಇಲ್ಲಿ ಇರು, ನಾ ಬೆಂಗಳೂರಿಗೆ ಹೋಗಿ ಇರತೇನಿ.”

ಎಲ್ಲರೂ ನಕ್ಕರು. ನಾನೂ ನಕ್ಕೆ. ಆದರೆ ವಾಪಸ್ ಬರುವಾಗ ಬಸ್ಸಿನಲ್ಲಿ ನಿದ್ದೆ ಬರಲಿಲ್ಲ.

ಆ ಮನೆ ಕಟ್ಟಿದವನು ನನ್ನ ಮುತ್ಯಾ. ಒಂದೇ ಸಲ ಕಟ್ಟಿದ್ದಲ್ಲ. ಎರಡನೇ ಮಹಾಯುದ್ಧದ ಕಾಲದಲ್ಲಿ, 1943ರಿಂದ, ಬಟ್ಟೆಗೂ ನೂಲಿಗೂ ಸರ್ಕಾರಿ ನಿಯಂತ್ರಣ ಬಂದಿತ್ತು. ಯುದ್ಧ ಮುಗಿದ ಮೇಲೂ ನೂಲಿನ ಪರದಾಟ ಮುಗಿದಿರಲಿಲ್ಲ. ಕೈಗೆ ನೂಲು ಸಿಕ್ಕಾಗ ನೇಯೋದು, ಸೀರೆ ಮಾರಿ ನಾಲ್ಕು ಕಾಸು ಉಳಿದಾಗ ಒಂದು ಗೋಡೆ ಎಬ್ಬಿಸೋದು. ಹಾಗಾಗಿ ಮುಂದಿನ ಪಡಸಾಲೆ ಕಟ್ಟುವಾಗ ನಮ್ಮದು ಸಂಸ್ಥಾನದ ಕಾಲ. ಜಮಖಂಡಿ, ಮುಧೋಳದಂಥ ಸಂಸ್ಥಾನಗಳೆಲ್ಲ 1948ರಲ್ಲಿ ಮುಂಬೈ ಪ್ರಾಂತಕ್ಕೆ ಸೇರಿದವು, ಆಗ ನಡುಮನೆ ಎದ್ದಿತು. ಹಿಂದಿನ ಅಡುಗೆಮನೆಗೆ ಸುಣ್ಣ ಹಚ್ಚೋ ಹೊತ್ತಿಗೆ 1956 ಆಗಿ, ನಾವು ಮೈಸೂರು ರಾಜ್ಯದವರಾಗಿದ್ದೆವು. ಮೂರು ಸರ್ಕಾರ ಕಂಡ ಮನೆ ಅಂತ ಅಪ್ಪ ಇವತ್ತಿಗೂ ಚೇಷ್ಟೆ ಮಾಡ್ತಾನೆ.

ಈ ಕ್ರಮವನ್ನು ಗಮನಿಸಿ. ಮೊದಲು ಪಡಸಾಲೆ, ಕೊನೆಗೆ ಅಡುಗೆಮನೆ. ಯಾಕಂದ್ರೆ ಪಡಸಾಲೆಯಲ್ಲಿ ಮಗ್ಗ ಇತ್ತು.

ಕುಣಿಮಗ್ಗ ನೋಡಿದವರಿಗೆ ಗೊತ್ತು. ನೆಲದಲ್ಲಿ ಕುಣಿ ತೋಡಿ, ನೇಕಾರ ಅದರ ಅಂಚಿಗೆ ಕೂತು ಕಾಲು ಒಳಗೆ ಇಳಿಬಿಡಬೇಕು. ಕಾಲಡಿಗೆ ತುಳಿಯುವ ಹಲಗೆ, ಕೈಯಲ್ಲಿ ಲಾಳಿ ಓಡಿಸೋ ಹಗ್ಗ. ನೆಲದ ತಂಪಿಗೆ ನೂಲು ಒಣಗಿ ಹರಿಯೋದಿಲ್ಲ. ಕುಣಿ ಎಷ್ಟು ಆಳ ಇರಬೇಕು ಅನ್ನೋದಕ್ಕೆ ಪುಸ್ತಕ ಇಲ್ಲ, ಕೂರುವವನ ಕಾಲೇ ಅಳತೆ. ಮುತ್ಯಾ ಕುಳ್ಳ. ಮೊದಲು ತೋಡಿದ ಕುಣಿ ಆಳ ಆಯ್ತು ಅಂತ ಮಣ್ಣು ತುಂಬಿಸಿ, ಮತ್ತೆ ಕೂತು ನೋಡಿ, ಮತ್ತೆ ಕೆರೆಸಿ ಸರಿ ಮಾಡಿಸಿದ್ದನಂತೆ. ಬೆಳಕಿಂಡಿಯನ್ನೂ ಮಗ್ಗದ ಮೇಲೆ ಸರಿಯಾಗಿ ಬೆಳಕು ಬೀಳೋ ಹಾಗೆ ಇಡಿಸಿದ್ದ. ಕರೆಂಟು ಬಂದಾಗ ಮೊದಲ ಬಲ್ಬು ಹತ್ತಿದ್ದೂ ಅಲ್ಲೇ.

ಆಯಿ ಕಂಡಿಕೆ ಸುತ್ತುತ್ತಿದ್ದದ್ದು ನಡುಮನೆಯ ಅರೆಗತ್ತಲಲ್ಲಿ. ಅವಳು ಕಂಡಿಕೆ ಸುತ್ತಿ ಕೊಡದೇ ಇದ್ದರೆ ಮುತ್ಯಾನ ಲಾಳಿ ಓಡ್ತಿರಲಿಲ್ಲ, ಆದರೆ ಆ ಕೆಲಸಕ್ಕೆ ಬೇರೆ ಕೂಲಿ ಅಂತ ಇರಲಿಲ್ಲ. ಕಂಡಿಕೆ ಮುಗಿದ ಮೇಲೆ ಅಡುಗೆಮನೆ. ಅಲ್ಲಿ ಒಂದು ಮೂಲೆಗೆ ಒಲೆ, ಗೋಡೆಯಲ್ಲಿ ಎರಡು ಮಾಡ, ಹೊಗೆ ಹೋಗೋಕೆ ಗೇಣಗಲದ ಒಂದು ಕಿಂಡಿ. ಮನೆಯಲ್ಲಿ ಒಬ್ಬನ ಕಾಲಿಗೆ ಕುಣಿಯನ್ನೇ ಮೂರು ಸಲ ತಿದ್ದಿದ್ದಾರೆ. ಇನ್ನೊಬ್ಬಳ ಕಣ್ಣಿಗೆ ಬೀಳೋ ಹೊಗೆಯನ್ನು ಯಾರೂ ಅಳೆದಿಲ್ಲ.

ಇದು ನಮ್ಮ ಬನಹಟ್ಟಿ ಹಣೆಬರಹ ಮಾತ್ರ ಅಂತ ಅಂದುಕೊಂಡಿದ್ದೆ. ಅಲ್ಲ. ಮುತ್ಯಾ ಗೋಡೆ ಎಬ್ಬಿಸ್ತಿದ್ದ ಅದೇ 1940ರ ದಶಕದಲ್ಲಿ, ಯುದ್ಧದಿಂದ ಹಾಳಾದ ಯುರೋಪಿಗೆ ಮನೆ ಕಟ್ಟಿಕೊಡಲು ಲೆ ಕಾರ್ಬುಸಿಯೆ ‘ಮಾಡ್ಯುಲರ್’ ಅನ್ನೋ ಅಳತೆಪಟ್ಟಿ ರೂಪಿಸಿದ. ಮನುಷ್ಯನ ದೇಹವೇ ಕಟ್ಟಡದ ಅಳತೆಗೋಲು ಆಗಬೇಕು ಅನ್ನೋದು ಅವನ ವಿಚಾರ. ಒಳ್ಳೆಯ ವಿಚಾರವೇ. ಆದರೆ ಯಾವ ಮನುಷ್ಯ? ಮೊದಲು 1.75 ಮೀಟರ್ ಎತ್ತರದ ಗಂಡಸು ಅಂತ ಹಿಡಿದಿದ್ದ. ಆಮೇಲೆ ಅದನ್ನು 1.83 ಮೀಟರ್, ಅಂದರೆ ಆರಡಿ ಮಾಡಿದ. ಕಾರಣ ಕೇಳಿದರೆ ನಗು ಬರುತ್ತೆ. ಇಂಗ್ಲಿಷ್ ಪತ್ತೇದಾರಿ ಕಾದಂಬರಿಗಳಲ್ಲಿ ಪೊಲೀಸರಂಥ ಚೆಲುವ ಗಂಡಸರು ಯಾವಾಗಲೂ ಆರಡಿ ಇರ್ತಾರೆ ಅನ್ನೋದೂ ಆ ಚರ್ಚೆಯಲ್ಲಿ ಬಂದಿತ್ತು. ಅದೇ ಅಳತೆಪಟ್ಟಿ ಚಂಡೀಗಢಕ್ಕೂ ಬಂತು. ನಮ್ಮವ್ವ ಐದಡಿಗೆ ಒಂದಿಂಚು ಕಡಿಮೆ. ಅವಳಂಥವರು ಆ ಲೆಕ್ಕದಲ್ಲಿ ಇರಲೇ ಇಲ್ಲ.

1959ರಲ್ಲಿ ಮಾಸ್ಕೋದಲ್ಲಿ ಅಮೆರಿಕದ ವಸ್ತುಪ್ರದರ್ಶನ ನಡೆದಾಗ, ಅಲ್ಲಿಟ್ಟಿದ್ದ ಮಾದರಿ ಅಡುಗೆಮನೆ ಮುಂದೆ ನಿಂತು ರಿಚರ್ಡ್ ನಿಕ್ಸನ್ ಮತ್ತು ನಿಕಿತಾ ಕ್ರುಶ್ಚೇವ್ ವಾದ ಮಾಡಿದ್ದು ಪ್ರಸಿದ್ಧ. ನಮ್ಮ ಯಂತ್ರಗಳು ಹೆಂಗಸರ ಕೆಲಸ ಹಗುರ ಮಾಡ್ತವೆ ಅಂತ ಒಬ್ಬ, ಹೆಂಗಸರ ಬಗ್ಗೆ ನಿಮ್ಮ ಈ ಬಂಡವಾಳಶಾಹಿ ಧೋರಣೆ ನಮ್ಮಲ್ಲಿಲ್ಲ ಅಂತ ಇನ್ನೊಬ್ಬ. ಇಬ್ಬರು ಗಂಡಸರು ಅಡುಗೆಮನೆ ಮುಂದೆ ನಿಂತು ಜಗತ್ತಿನ ಭವಿಷ್ಯ ಮಾತಾಡಿದರು. ಅದರಲ್ಲಿ ದಿನಾ ಅಡುಗೆ ಮಾಡೋರ ಮಾತು ಇರಲಿಲ್ಲ.

ಸರಿಯಾದ ಪ್ರಶ್ನೆ ಕೇಳಿದವರೂ ಆಗ ಇದ್ದರು. ನನ್ನ ಹಾಲ್‌ನಲ್ಲಿರೋ ಕುರ್ಚಿ ಚಾರ್ಲ್ಸ್ ಮತ್ತು ರೇ ಈಮ್ಸ್ ದಂಪತಿಯ ಕುರ್ಚಿಯ ನಕಲು. ಭಾರತ ಸರ್ಕಾರದ ಕರೆಗೆ ಇಲ್ಲಿಗೆ ಬಂದು ಸುತ್ತಾಡಿದ ಅವರು 1958ರಲ್ಲಿ ಒಂದು ವರದಿ ಕೊಟ್ಟರು. ಅಹಮದಾಬಾದಿನ ರಾಷ್ಟ್ರೀಯ ವಿನ್ಯಾಸ ಸಂಸ್ಥೆ 1961ರಲ್ಲಿ ಶುರುವಾಗಿದ್ದು ಅದರಿಂದಲೇ. ಆ ವರದಿಯಲ್ಲಿ ಅವರು ಅತಿ ಹೆಚ್ಚು ಮೆಚ್ಚಿದ್ದು ನಮ್ಮ ಲೋಟಾವನ್ನು, ಅಂದರೆ ನೀರಿನ ತಂಬಿಗೆಯನ್ನು. ಅದನ್ನು ಎತ್ತೋ ಕೈ ಎಷ್ಟು ದೊಡ್ಡದು, ಎಷ್ಟು ಗಟ್ಟಿ, ಗಂಡಸಿನದೋ ಹೆಂಗಸಿನದೋ, ತಲೆ ಮೇಲೆ ಹೊರ್ತಾರೋ ಸೊಂಟದ ಮೇಲೋ, ಇವೆಲ್ಲ ತಿಳಿಯದೆ ಅಂಥ ಪಾತ್ರೆ ಮಾಡೋಕಾಗಲ್ಲ ಅಂದರು. ಒಂದು ತಂಬಿಗೆಗೆ ಕೇಳಿದ ಈ ಪ್ರಶ್ನೆಗಳನ್ನು ನಾನು ನನ್ನ ಮನೆಗೆ ಎಂದೂ ಕೇಳಿರಲಿಲ್ಲ.

ಹೇಗೆ ಗೊತ್ತಾಯ್ತು ಅಂದ್ರೆ, ಸಂಕ್ರಾಂತಿ ಆದಮೇಲೆ ಅವ್ವ ಬೆಂಗಳೂರಿಗೆ ಬಂದಳು. ಬಂದ ಮರುದಿನ ಬೆಳಿಗ್ಗೆ ಅಡುಗೆಮನೆಯಿಂದ ಕೂಗಿದಳು, “ಈ ಮಣಿ ಯಾಕ ಇಲ್ಲಿ ಐತಿ?” ಅಡುಗೆಕಟ್ಟೆಯ ಕೆಳಗೆ ಒಂದು ಮರದ ಮಣೆ ಇತ್ತು. ಎರಡು ವರ್ಷದಿಂದ ನಾನು ಅದನ್ನು ನೋಡ್ತಾ ಇದ್ದೇನೆ. ನಮ್ಮನೆ ಅಡುಗೆಗೆ ಬರುವ ಅಕ್ಕ ಕೂತು ತರಕಾರಿ ಹೆಚ್ಚೋಕೆ ಇಟ್ಟುಕೊಂಡಿದ್ದಾರೆ ಅಂತ ತಿಳಿದಿದ್ದೆ. ಅವ್ವ ಅದರ ಮೇಲೆ ನಿಂತು, ಒಲೆಯ ಮೇಲಿನ ಪಾತ್ರೆಯೊಳಗೆ ಬಗ್ಗಿ ನೋಡಿ ಹೇಳಿದಳು, “ಆಕಿನೂ ನನ್ನಷ್ಟ ಕುಳ್ಳ ಇರಬೇಕು.”

ನಾನು ಮನೆಯಿಂದ ಕೆಲಸ ಶುರು ಮಾಡಿದಾಗ ಬೆನ್ನು ನೋವು ಅಂತ ಎತ್ತರ ಹೊಂದಿಸಿಕೊಳ್ಳೋ ಕುರ್ಚಿ ತರಿಸಿದೆ. ಅದು ಸಾಲದೆ ಮೇಲೆ ಕೆಳಗೆ ಆಗೋ ಮೇಜು. ಮಾನಿಟರ್ ಕಣ್ಣಿನ ಮಟ್ಟಕ್ಕೆ ಇದೆಯಾ ಅಂತ ಟೇಪ್ ಹಿಡಿದು ಅಳೆದಿದ್ದೇನೆ. ನನ್ನ ಕುಣಿಯನ್ನು ನಾನೂ ಮೂರು ಸಲ ತಿದ್ದಿಕೊಂಡೆ. ಅದೇ ಮನೆಯ 34 ಇಂಚಿನ ಅಡುಗೆಕಟ್ಟೆ ಮುಂದೆ ಒಬ್ಬರು ದಿನಾ ಮಣೆ ಮೇಲೆ ನಿಂತು ಚಪಾತಿ ಲಟ್ಟಿಸ್ತಿದ್ದರು.

ಮುತ್ಯಾನ ಪರವಾಗಿ ಒಂದು ಮಾತು ಹೇಳಲೇಬೇಕು. ನೂಲೇ ಸಿಗದ ಕಾಲದಲ್ಲಿ ಅನ್ನ ಕೊಡೋ ಮಗ್ಗಕ್ಕೆ ಮೊದಲ ಬೆಳಕು ಕೊಟ್ಟಿದ್ದು ತಪ್ಪು ಅಂತ ಹೇಳೋಕೆ ನನಗೆ ಬಾಯಿಲ್ಲ. ಆ ಕುಣಿಯಿಂದಲೇ ಒಲೆ ಉರಿದದ್ದು, ಅಪ್ಪ ಶಾಲೆ ಕಲಿತದ್ದು, ನಾನು ಬೆಂಗಳೂರಿಗೆ ಬಂದದ್ದು. ಇಕ್ಕಟ್ಟಿನಲ್ಲಿ ಯಾವುದು ಮೊದಲು ಅಂತ ಆರಿಸಲೇಬೇಕಾಗುತ್ತೆ. ಆದರೆ ಇಕ್ಕಟ್ಟು ಹೋದಮೇಲೂ ಆ ಸರದಿ ಹಾಗೇ ಉಳೀತು. ಕೈಮಗ್ಗ ಹೋಗಿ ಪವರ್‌ಲೂಮ್ ಬಂತು, ಪಡಸಾಲೆಗೆ ಸಿಮೆಂಟು ಬಂತು. ಅಡುಗೆಮನೆಗೆ ಗ್ಯಾಸ್ ಬಂದಾಗ ಗೌಂಡಿ ಬಂದು ಕಟ್ಟೆ ಕಟ್ಟಿದ. ಎಷ್ಟು ಎತ್ತರ ಅಂತ ಅಪ್ಪನನ್ನು ಕೇಳಿದನಂತೆ. “ಎಲ್ಲಾರ ಮನ್ಯಾಗ ಹೆಂಗಿರತೈತಿ ಹಂಗ” ಅಂದನಂತೆ ಅಪ್ಪ. ಅವ್ವ ಪಕ್ಕದಲ್ಲೇ ನಿಂತಿದ್ದಳು. ನನಗಂತೂ ಮುತ್ಯಾನ ಇಕ್ಕಟ್ಟೂ ಇರಲಿಲ್ಲ, ಗೌಂಡಿಯ ನೆವವೂ ಇರಲಿಲ್ಲ.

ಅಳತೆ ಕೊಟ್ಟವರು ನಮ್ಮ ಬಳಗದಲ್ಲಿ ಒಬ್ಬರೇ, ನನ್ನ ಸೋದರತ್ತೆ. ಅವರನ್ನು ಬೀಳಗಿ ತಾಲೂಕಿನ ಒಂದು ಹಳ್ಳಿಗೆ ಕೊಟ್ಟಿತ್ತು. ಆಲಮಟ್ಟಿ ಹಿನ್ನೀರಿಗೆ ಆ ಊರು ಮುಳುಗಿ, ಪುನರ್ವಸತಿ ಕೇಂದ್ರದಲ್ಲಿ ಜಾಗ ಸಿಕ್ಕಿತು. ಮಾವ ಹಳೇ ಮನೆಯ ತಲಬಾಗಿಲನ್ನು ಟ್ರ್ಯಾಕ್ಟರಿನಲ್ಲಿ ಹೇರಿಕೊಂಡು ಬಂದು ಹೊಸ ಮನೆಗೆ ಕೂರಿಸಿದರು. ಅತ್ತೆ ಬಾಗಿಲ ಬಗ್ಗೆ ಏನೂ ಹೇಳಲಿಲ್ಲ. ಗೌಂಡಿಯನ್ನು ಒಳಗೆ ಕರೆದು, ಗೋಡೆಗೆ ಒತ್ತಿ ನಿಂತು, ಮೊಣಕೈಯಿಂದ ಒಂದು ಗೇಣು ಕೆಳಗೆ ಇದ್ದಿಲಿನಿಂದ ಗೆರೆ ಎಳೆಸಿದರು. “ಇಲ್ಲಿಗೆ ಕಟ್ಟು, ನಾ ರೊಟ್ಟಿ ಬಡಿಯಾಕಿ.” ಊರನ್ನೇ ಕಳಕೊಂಡ ಮೇಲೆ ಅವರಿಗೆ ಆ ಗೆರೆ ಎಳೆಸೋ ಅವಕಾಶ ಸಿಕ್ಕಿತು ಅನ್ನೋದು ನನಗೆ ಇವತ್ತಿಗೂ ಸಂಕಟ.

ಹಳೇ ಮನೆ ಉಳಿಸಬೇಕು ಅನ್ನೋ ಆಸೆ ನನಗೆ ಈಗಲೂ ಇದೆ. ಆ ಗೋಡೆಯ ತಂಪು ಸುಳ್ಳಲ್ಲ, ಬೆಳಕಿಂಡಿಯ ಬೆಳಕೂ ಸುಳ್ಳಲ್ಲ. ಆದರೆ ಮನೆಯ ಚಂದವನ್ನು ನೋಡೋಕೆ ವರ್ಷಕ್ಕೆ ಎರಡು ಸಲ ಬರುವವನಿಗೂ, ಅದರ ಹೊಗೆ ದಿನಾ ಕುಡಿಯುವವಳಿಗೂ ಸಮ ಓಟು ಇರಬಾರದು. ಇದ್ದರೂ ಮೊದಲ ಮಾತು ಅವಳದಾಗಬೇಕು. ಇದನ್ನು ಫೋನಿನಲ್ಲಿ ಹೇಳಿದಾಗ ಅವ್ವ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, “ಪಡಸಾಲಿ ಇರಲಿ ಬಿಡು, ತಂಪ ಇರತೈತಿ. ಹಿಂದಿಂದು ಕೆಡವಸು” ಅಂದಳು.

ಯುಗಾದಿ ಆದಮೇಲೆ ಹಿಂದಿನ ಭಾಗ ಕೆಡವಿದೆವು. ಕಟ್ಟೆ ಕಟ್ಟೋ ದಿನ ನಾನು ಊರಲ್ಲೇ ಇದ್ದೆ. ಗೌಂಡಿ ಅಭ್ಯಾಸಬಲದಿಂದ ನನ್ನ ಕಡೆ ತಿರುಗಿ, “ಎಷ್ಟ ಎತ್ತರ ಇಡೂನ್ರಿ ಸಾಹೇಬ್ರ?” ಅಂತ ಕೇಳಿದ. ಅವ್ವನನ್ನು ಕರೆದೆ. ಅವಳು ಸೆರಗಿಗೆ ಕೈ ಒರೆಸಿಕೊಳ್ತಾ ಬಂದು ಗೋಡೆಗೆ ಬೆನ್ನು ಕೊಟ್ಟು ನಿಂತಳು. ಬೆಂಗಳೂರಿಗೆ ಬಂದ ಮೇಲೆ ಅಡುಗೆ ಅಕ್ಕನನ್ನೂ ಕೇಳಿದೆ. ಗ್ರಾನೈಟ್ ಒಡೆಸೋಕೆ ಮನೆ ಮಾಲೀಕರು ಒಪ್ಪಲಿಲ್ಲ. ಅವರ ಎತ್ತರಕ್ಕೆ ತಕ್ಕ, ಅಲುಗಾಡದ ಒಂದು ಅಗಲವಾದ ಹಲಗೆ ಮಾಡಿಸಿದ್ದೇನೆ. ಇದು ಸಾಕಾ ಅಂತ ಕೇಳಿದ್ದಕ್ಕೆ, “ಇನ್ನರ್ಧ ಇಂಚು ಇದ್ದಿದ್ರೆ ಚೆನ್ನಾಗಿತ್ತು ಸಾರ್” ಅಂದರು. ಬಡಗಿಗೆ ಮತ್ತೆ ಫೋನ್ ಮಾಡಿದ್ದೇನೆ.