ಸಂತೆ ಬೇಡವೆಂದು ಕೋರ್ಟಿಗೆ ಹೋಗುವುದು ಧರ್ಮವೇ?



ಪುರಸಭೆಯೊಂದು ಮಾರುಕಟ್ಟೆಗೆ ಜಾಗ ಗುರುತಿಸಿದರೆ ಆ ಬೀದಿಯವರು ತಕರಾರು ಅರ್ಜಿ ಹಾಕುವುದು ಸಾಮಾನ್ಯ. ಕೊಳಚೆ, ಗದ್ದಲ, ಲಾರಿಗಳ ಓಡಾಟ ಅವರು ಕೊಡುವ ಕಾರಣಗಳು. ಮಾರುಕಟ್ಟೆ ಬೇಕೆನ್ನುವವರೂ ನಮ್ಮವರೇ: ಸೊಪ್ಪು, ಹುಣಸೆಹಣ್ಣು, ಟೊಮ್ಯಾಟೊ ತಂದು ಬಿಸಿಲಲ್ಲಿ ಕೂರುವವರು. ರಾಯದುರ್ಗ, ಮಡಕಶಿರದಂಥ ಊರುಗಳಲ್ಲಿ ಇಬ್ಬರೂ ಒಂದೇ ಬಲಿಪೂಜೆಯಲ್ಲಿ ಮೊಣಕಾಲೂರಬಹುದು. ಹೀಗಿರುವಾಗ ಕ್ರೈಸ್ತ ವಿಶ್ವಾಸಿ ಕೋರ್ಟಿನ ಮೆಟ್ಟಿಲು ಹತ್ತಬಹುದೇ?

ಕೊರಿಂಥದವರಿಗೆ ಬರೆದ ಮೊದಲ ಪತ್ರದ 6ನೇ ಅಧ್ಯಾಯದಲ್ಲಿ ಸಂತ ಪೌಲರು, ವಿಶ್ವಾಸಿಗಳು ಒಬ್ಬರ ಮೇಲೊಬ್ಬರು ವ್ಯಾಜ್ಯ ಹೂಡುವುದನ್ನು ಖಂಡಿಸುತ್ತಾರೆ. ಅದೇ ಪೌಲರು ಫಿಲಿಪ್ಪಿಯಲ್ಲಿ, ವಿಚಾರಣೆಯಿಲ್ಲದೆ ಹೊಡೆಸಿ ಸೆರೆಗೆ ಹಾಕಿದ ಅಧಿಕಾರಿಗಳು ತಾವೇ ಬಂದು ಬಿಡಿಸಲಿ ಎಂದು ಪಟ್ಟು ಹಿಡಿದರು. ಮುಂದೆ ಚಕ್ರವರ್ತಿಗೇ ಮೇಲ್ಮನವಿ ಸಲ್ಲಿಸಿದರು. ಸಹೋದರನನ್ನು ಸೋಲಿಸಲು ಕಾನೂನು ಬಳಸುವುದು ಬೇರೆ, ಅಧಿಕಾರವನ್ನು ಅದರ ಮಿತಿಯೊಳಗೆ ನಿಲ್ಲಿಸಲು ಬಳಸುವುದು ಬೇರೆ.

ಉಡುಪಿಯಲ್ಲಿ ಹೀಗೇ ಆಯಿತು. ವಸತಿ ಪ್ರದೇಶದಲ್ಲಿ ಕಲ್ಯಾಣ ಮಂಟಪಕ್ಕೆಂದು ಒಪ್ಪಿಗೆ ಪಡೆದ ಕಟ್ಟಡವನ್ನು ಸಿನಿಮಾ ಮಂದಿರವಾಗಿಸಲು ಪುರಸಭೆ ಅನುಮತಿ ಕೊಟ್ಟಿತು. ನಿವಾಸಿಯೊಬ್ಬರು ಪ್ರಶ್ನಿಸಿದರು. ಕಟ್ಟಿದವರು ಹಣ ಸುರಿದಿದ್ದಾರೆಂಬ ಕಾರಣಕ್ಕೆ ಹೈಕೋರ್ಟ್ ಕೈಹಾಕಲಿಲ್ಲ. ಆದರೆ 1974ರಲ್ಲಿ ಸುಪ್ರೀಂ ಕೋರ್ಟ್, ಖರ್ಚಾದ ಹಣದಿಂದ ಕಾನೂನುಬಾಹಿರವಾದದ್ದು ಸಕ್ರಮವಾಗದು, ನಗರ ಯೋಜನೆಯನ್ನು ಪಾಲಿಸಿರೆಂದು ಕೇಳುವ ಹಕ್ಕು ನಿವಾಸಿಗಿದೆ ಎಂದು ತೀರ್ಪಿತ್ತಿತು. 1980ರ ರತ್ಲಾಂ ಪ್ರಕರಣದಲ್ಲಿ ಚರಂಡಿಯ ದುರ್ನಾತ ತಾಳಲಾರದ ಜನ ದೂರಿದಾಗ, ಹಣವಿಲ್ಲವೆಂಬ ಪುರಸಭೆಯ ನೆಪವನ್ನೂ ಅದೇ ನ್ಯಾಯಾಲಯ ಒಪ್ಪಲಿಲ್ಲ. ಆದ್ದರಿಂದ ತಕರಾರು ಅರ್ಜಿ ಪಾಪವಲ್ಲ. ಎಷ್ಟೋ ಸಲ ಅದು ಇಡೀ ಬೀದಿಗೆ ಮಾಡಿದ ಸೇವೆ.

ಆದರೆ ತಕ್ಕಡಿಗೆ ಇನ್ನೊಂದು ತಟ್ಟೆಯೂ ಇದೆ. 1985ರಲ್ಲಿ ಮುಂಬೈ ಪಾದಚಾರಿ ಮಾರ್ಗದ ವಾಸಿಗಳ ಪ್ರಕರಣದಲ್ಲಿ, ಬದುಕುವ ಹಕ್ಕಿನಲ್ಲಿ ಜೀವನೋಪಾಯವೂ ಸೇರಿದೆ ಎಂದು ಸುಪ್ರೀಂ ಕೋರ್ಟ್ ಹೇಳಿತು. 2014ರ ಬೀದಿ ಬದಿ ವ್ಯಾಪಾರಿಗಳ ಕಾಯ್ದೆಯ ಪ್ರಕಾರ ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಕನಿಷ್ಠ ಶೇ. 40ರಷ್ಟು ಸ್ಥಾನ ವ್ಯಾಪಾರಿಗಳ ಪ್ರತಿನಿಧಿಗಳಿಗೇ ಮೀಸಲು. ಹೂವು ಮಾರುವ ಅಮ್ಮನಿಗೂ ಕಾನೂನಿದೆ. ಕಷ್ಟವೆಂದರೆ, ವಕೀಲರನ್ನು ಹಿಡಿಯುವ ಶಕ್ತಿ ಸಾಮಾನ್ಯವಾಗಿ ಮನೆಯುಳ್ಳವರಿಗೆ ಇರುತ್ತದೆ, ಬುಟ್ಟಿಯುಳ್ಳವರಿಗಲ್ಲ.

ನಾಬೋತನ ದ್ರಾಕ್ಷಿತೋಟವನ್ನು ಕಾಯಿಪಲ್ಲೆ ತೋಟವಾಗಿಸಲು ಅಹಾಬ ರಾಜನು ಬಯಸಿದಾಗ ಅಲ್ಲಿಯೂ ವಿಚಾರಣೆ ನಡೆಯಿತು, ಸಾಕ್ಷಿಗಳೂ ಬಂದರು. ಕಾನೂನಿನ ರೂಪವೆಲ್ಲ ಇತ್ತು, ನ್ಯಾಯ ಮಾತ್ರ ಇರಲಿಲ್ಲ. ಅರ್ಜಿಯಲ್ಲಿ ಸಂಚಾರಕ್ಕೆ ಅಡ್ಡಿ ಎಂದು ಬರೆದು, ಮನಸ್ಸಿನಲ್ಲಿ ಆ ಜನ ನಮ್ಮ ಬೀದಿಗೆ ಬರಬಾರದು ಎಂದುಕೊಂಡರೆ ನಾವೂ ಸುಳ್ಳುಸಾಕ್ಷಿಗಳೇ. ಚರಂಡಿ, ಶೌಚಾಲಯ, ಕಸದ ವಿಲೇವಾರಿ, ಲಾರಿ ನಿಲ್ಲಲು ಜಾಗ ಎಲ್ಲವನ್ನೂ ಒದಗಿಸಿದ ಮೇಲೂ ನಾನು ಬೇಡವೆನ್ನುತ್ತೇನೆಯೇ? ಹೌದೆಂದಾದರೆ, ನನ್ನ ತಕರಾರು ಮಾರುಕಟ್ಟೆಯ ಮೇಲಲ್ಲ, ಮನುಷ್ಯರ ಮೇಲೆ.

ಧರ್ಮಸಭೆ ಸರ್ವರ ಹಿತ ಎನ್ನುವುದು ಹೆಚ್ಚು ಜನರ ಹಿತವನ್ನಲ್ಲ, ಯಾರನ್ನೂ ಬಿಡದ ಹಿತವನ್ನು. ಆದ್ದರಿಂದ ಅರ್ಜಿ ಬರೆಯುವ ಮೊದಲು ಮಾರುವವರ ಜೊತೆ ಕೂತು ಮಾತಾಡೋಣ. ಪ್ರಕಟಣೆ ತೆಲುಗಿನಲ್ಲಿದ್ದರೆ ಓದಲು ಬಾರದವರಿಗೆ ಓದಿ ಹೇಳೋಣ. ರಾಜ್ಯದಲ್ಲಿ ಬಳಕೆಯಲ್ಲಿರುವ ಯಾವುದೇ ಭಾಷೆಯಲ್ಲಿ ಅಹವಾಲು ಸಲ್ಲಿಸುವ ಹಕ್ಕನ್ನು ಸಂವಿಧಾನದ 350ನೇ ವಿಧಿ ಕೊಟ್ಟಿದೆ. ಕನ್ನಡದಲ್ಲಿ ಬರೆಯಲು ಅಂಜಬೇಕಿಲ್ಲ. ಆ ಅರ್ಜಿಯಲ್ಲಿ ಬೇಡ ಎಂಬುದರ ಜೊತೆಗೆ, ಅವರಿಗೆ ಎಲ್ಲಿ ಜಾಗ ಕೊಡಬಹುದು ಎಂಬ ಸಾಲೂ ಇರಲಿ.

ದಿನವಿಡೀ ಸಂತೆಬೀದಿಯಲ್ಲಿ ಕೂಲಿಗಾಗಿ ಕಾದು ನಿಂತವರನ್ನು ಸಂಜೆ ಐದಕ್ಕೂ ಕರೆದ ಯಜಮಾನನ ಮನಸ್ಸನ್ನು ಪ್ರಭು ನಮಗೆ ಕೊಡಲಿ.