ನಾಳೆಯ ಚಿಂತೆ, ಇಂದಿನ ಕಟ್ಟೆ



ಜೂನ್ 1 ಬಂತೆಂದರೆ ನಮ್ಮ ಕರಾವಳಿಯಲ್ಲಿ ಯಾಂತ್ರಿಕ ದೋಣಿಗಳು ದಡ ಸೇರುತ್ತವೆ. ಜುಲೈ 31ರವರೆಗೆ, 61 ದಿನ, ಅವು ಕಡಲಿಗಿಳಿಯುವಂತಿಲ್ಲ. ದುಡಿಮೆ ನಿಲ್ಲುತ್ತದೆ, ಸಾಲದ ಕಂತು ನಿಲ್ಲುವುದಿಲ್ಲ. ಮಕ್ಕಳ ಶಾಲೆಯ ಖರ್ಚೂ ಅದೇ ತಿಂಗಳು. ಭಟ್ಕಳ, ಹೊನ್ನಾವರದ ಎಷ್ಟೋ ಮನೆಗಳ ಮಕ್ಕಳು ಕೊಲ್ಲಿ ದೇಶಗಳಲ್ಲಿದ್ದಾರೆ. ಫೋನ್ ಒಂದು ದಿನ ತಡವಾದರೆ ತಾಯಿಗೆ ನಿದ್ದೆಯಿಲ್ಲ. ಆಗ ನಿಟ್ಟುಸಿರು ಬರುತ್ತದೆ: "ಹಿಂದಿನ ಕಾಲವೇ ಚೆನ್ನಾಗಿತ್ತು. ಗಂಜಿ ಕುಡಿದರೂ ಚಿಂತೆ ಇರಲಿಲ್ಲ."

ನಿಜವಾಗಿಯೂ ಇರಲಿಲ್ಲವೇ? ಕುಮಟಾ ತಾಲೂಕಿನಲ್ಲಿ ಅಘನಾಶಿನಿ ಕಡಲು ಸೇರುವಲ್ಲಿನ ಗಜನಿ ಗದ್ದೆಗಳನ್ನು ನೆನೆಯಿರಿ. ಮಳೆ ಸುರಿದು ಮಣ್ಣಿನ ಉಪ್ಪು ತೊಳೆದ ಮೇಲೆ ಅಲ್ಲಿ ಕಗ್ಗ ಭತ್ತ ಬಿತ್ತುತ್ತಾರೆ. ಗೊಬ್ಬರ ಬೇಡ, ಔಷಧಿ ಬೇಡ. ನೆರೆಯಲ್ಲಿ ಕೆಲವು ದಿನ ಮುಳುಗಿದರೂ ಕಗ್ಗ ಮತ್ತೆ ತಲೆಯೆತ್ತುತ್ತದೆ. ಆದರೆ ಹೊಳೆಗೂ ಗದ್ದೆಗೂ ನಡುವಿನ ಕಟ್ಟೆ ಒಡೆದರೆ ಉಪ್ಪುನೀರು ನುಗ್ಗಿ ಬೆಳೆ ಹಾಳು. ಆ ಕಟ್ಟೆ ಕಾಯುವುದು ಒಬ್ಬನಿಂದಾಗದು. ಊರಿನವರೆಲ್ಲ ಸೇರಿ ಮಣ್ಣು ಹಾಕಬೇಕು. ನಮ್ಮ ಹಿರಿಯರಿಗೂ ಚಿಂತೆಯಿತ್ತು. ಅದನ್ನು ಅವರು ಒಬ್ಬೊಬ್ಬರೇ ಹೊರಲಿಲ್ಲ, ಅಷ್ಟೇ.

ಸಂತ ಮತ್ತಾಯರ ಶುಭಸಂದೇಶದ 6ನೇ ಅಧ್ಯಾಯದಲ್ಲಿ ಯೇಸುಸ್ವಾಮಿ ನಮಗೆ ಹಕ್ಕಿಗಳನ್ನೂ ಹೂಗಳನ್ನೂ ತೋರಿಸುತ್ತಾರೆ. ಕೈಕಟ್ಟಿ ಕುಳಿತುಕೊಳ್ಳಿ ಎಂದು ಅದರ ಅರ್ಥವಲ್ಲ. ಹಕ್ಕಿಯೂ ಬೆಳಗಾದರೆ ಆಹಾರ ಹುಡುಕಿ ಹೊರಡುತ್ತದೆ. ನಾಳೆಯದನ್ನು ನೆನೆದು ಕೊರಗುವುದಿಲ್ಲ. ಇಂದಿನ ಕಟ್ಟೆಗೆ ಮಣ್ಣು ಹಾಕುವುದು ನಮ್ಮ ಕೆಲಸ. ನಾಳೆಯ ಮಳೆ ತಂದೆಯ ಕೈಯಲ್ಲಿದೆ.

ಇಂದು ನಾವು ಚಿಂತೆಯನ್ನು ಬಚ್ಚಿಡುತ್ತೇವೆ. ಗಂಡನ ಸಾಲ ಹೆಂಡತಿಗೆ ಗೊತ್ತಿಲ್ಲ. ಮಗ ಕೆಲಸ ಕಳೆದುಕೊಂಡದ್ದು ಮನೆಗೆ ಗೊತ್ತಿಲ್ಲ. "ನಾಲ್ಕು ಜನ ಏನೆಂದಾರು" ಎಂಬ ಅಂಜಿಕೆಯಿಂದ ಕೆಲವರು ಭಾನುವಾರದ ಪೂಜೆಗೂ ಬರುವುದಿಲ್ಲ. ಪ್ರಿಯರೇ, ಕಟ್ಟೆ ಒಡೆಯುವುದು ಇಲ್ಲಿಯೇ.

ಈ ವಾರ ಒಂದು ಸಂಜೆ ಜಪಸರ ಮುಗಿದ ಮೇಲೆ ಟಿವಿ ಹಾಕಬೇಡಿ. ಗಂಡಹೆಂಡತಿ ಎದುರುಬದುರು ಕುಳಿತು, ಸಾಲ ಎಷ್ಟಿದೆ ಎಂದು ಮುಚ್ಚುಮರೆಯಿಲ್ಲದೆ ಹೇಳಿಕೊಳ್ಳಿ. ಬೇಕಾದರೆ ಗುರುಗಳಲ್ಲಿ ಹೇಳಿ. ಅಕ್ಕಪಕ್ಕದ ಮನೆಯಲ್ಲಿ ಒಲೆ ಹೊತ್ತಿದೆಯೇ ಎಂದೂ ವಿಚಾರಿಸಿ. ಸಾಲ ಆ ರಾತ್ರಿಯೇ ತೀರದು. ಆದರೆ ಹೊರೆಗೆ ಇನ್ನೊಂದು ಹೆಗಲು ಸಿಕ್ಕೀತು; ಬಹುದಿನಗಳ ನಂತರ ಕಣ್ಣಿಗೆ ನಿದ್ದೆ ಹತ್ತೀತು.