ಯಾರ ಖಾತೆಗೆ ಜಮಾ?

ಹೋದ ವರ್ಷ ಠಾಣೆಯ ನಮ್ಮ ಮನೆಯಲ್ಲಿ ಮಗಳು ‘ವಿಪ್ ಇಟ್’ ಎಂಬ ಸಿನಿಮಾ ತೋರಿಸಿದಳು. ಅಲ್ಲಿವರೆಗೂ ರೋಲರ್ ಡರ್ಬಿ ಆಟದ ಗಂಧಗಾಳಿ ನನಗಿರಲಿಲ್ಲ. 1935ರಲ್ಲಿ ಶಿಕಾಗೋದಲ್ಲಿ ಹುಟ್ಟಿ, ಮಧ್ಯೆ ಮಂಕಾಗಿದ್ದ ಆಟವಿದು. 2000ದ ನಂತರ ಟೆಕ್ಸಾಸಿನ ಆಸ್ಟಿನ್‌ನಲ್ಲಿ ಹೆಂಗಸರು ಮತ್ತೆ ಎಬ್ಬಿಸಿ ನಿಲ್ಲಿಸಿದರು. ಕಾಲಿಗೆ ಗಾಲಿ ಕಟ್ಟಿಕೊಂಡು ತಂಡಕ್ಕೆ ಐದೈದು ಜನ ಸುತ್ತು ಹೊಡೆಯುತ್ತಾರೆ. ಹೆಲ್ಮೆಟ್ಟಿನ ಮೇಲೆ ನಕ್ಷತ್ರವಿರುವವಳು ಜ್ಯಾಮರ್. ಎದುರು ತಂಡದವರನ್ನು ದಾಟಿ ಅಂಕ ಗಳಿಸುವವಳು ಅವಳೇ. ಉಳಿದವರು ತಡೆಯುವವರು, ದಾರಿ ಬಿಡಿಸಿಕೊಡುವವರು. ಒಮ್ಮೊಮ್ಮೆ ಜೊತೆಯವಳೊಬ್ಬಳು ಜ್ಯಾಮರಳ ಕೈ ಹಿಡಿದು ಬೀಸಿ ಮುಂದಕ್ಕೆ ದಬ್ಬುತ್ತಾಳೆ. ಅದೇ ‘ವಿಪ್’. ಬೀಸಿದವಳು ಹಿಂದೆ ಉಳಿಯುತ್ತಾಳೆ, ಅಂಕ ಮುಂದೆ ಹೋದವಳದು.

ಸಿನಿಮಾದ ಕತೆ ಶೌನಾ ಕ್ರಾಸ್ ಅವರದು. ಲಾಸ್ ಏಂಜಲೀಸ್‌ನ ಡರ್ಬಿ ಡಾಲ್ಸ್‌ನಲ್ಲಿ ‘ಮ್ಯಾಗಿ ಮೇಹೆಮ್’ ಎಂಬ ಹೆಸರಿಟ್ಟುಕೊಂಡು ಆಡುತ್ತಿದ್ದವರು. 2007ರಲ್ಲಿ ‘ಡರ್ಬಿ ಗರ್ಲ್’ ಕಾದಂಬರಿ ಬರೆದರು, ಚಿತ್ರಕತೆಯನ್ನೂ ತಾವೇ ಮಾಡಿದರು. 2009ರಲ್ಲಿ ಡ್ರೂ ಬ್ಯಾರಿಮೋರ್ ಅದನ್ನು ತೆರೆಗೆ ತಂದರು. ಆಟಗಾರ್ತಿ ಕತೆಗಾರ್ತಿಯಾದರು, ಸಂತೋಷವೇ. ಆದರೆ ಮೂವತ್ತೈದು ವರ್ಷ ಜಮಾ-ಖರ್ಚು ನೋಡಿದ ತಲೆಗೆ ಬೇರೆಯೇ ಪ್ರಶ್ನೆ ಬಂತು. ಹತ್ತು ಜನ ಕೂಡಿ ಬಿದ್ದು ಎದ್ದದ್ದನ್ನು ಒಬ್ಬರು ಕತೆ ಮಾಡಿದರೆ, ಅದು ಯಾರ ಖಾತೆಗೆ ಜಮಾ? ಕ್ರಾಸ್ ಬರೆದದ್ದಾದರೂ ಕಾದಂಬರಿ, ಕಲ್ಪನೆಯ ಪಾತ್ರಗಳು. ನಾನು ಅಷ್ಟು ಮರೆಯನ್ನೂ ಇಟ್ಟಿರಲಿಲ್ಲ.

1986ರಲ್ಲಿ ಸಾಗರದಿಂದ ಬೊಂಬಾಯಿಗೆ ವರ್ಗವಾಗಿ ಬಂದಾಗ ಮಾಟುಂಗದ ತಮ್ಮ ಖೋಲಿಯಲ್ಲಿ ನನಗೆ ಜಾಗ ಕೊಟ್ಟವರು ಕುಂದಾಪುರದವರೊಬ್ಬರು. ಹೋಟೆಲಿನ ಗಲ್ಲಾದಲ್ಲಿ ಕೂರುತ್ತಿದ್ದರು. ಒಂದು ರಾತ್ರಿ ತಮ್ಮ ಮೊದಲ ದಿನಗಳ ಸಂಗತಿ ಹೇಳಿದರು. ದಾದರಿನಲ್ಲಿ ಫಾಸ್ಟ್ ಲೋಕಲ್ ಹತ್ತಿದ್ದಾರೆ, ಅದು ಮಾಟುಂಗದಲ್ಲಿ ನಿಲ್ಲಲಿಲ್ಲ. ಇಳಿಯಲು ಧೈರ್ಯ ಸಾಲದೆ ಕಲ್ಯಾಣದವರೆಗೂ ಹೋಗಿ, ಪ್ಲಾಟ್‌ಫಾರ್ಮಿನಲ್ಲಿ ಕೂತು ಅತ್ತರಂತೆ. ನಾನು ಅದನ್ನು ಕನ್ನಡ ಸಂಘದ ವಾರ್ಷಿಕೋತ್ಸವದಲ್ಲಿ ಅವರ ಮಾತಿನ ಧಾಟಿ ಸಮೇತ ಅನುಕರಿಸಿ ಹೇಳಿದೆ. ಸಭೆ ಬಿದ್ದು ಬಿದ್ದು ನಕ್ಕಿತು. ಹಿಂದಿನ ಸಾಲಿನಲ್ಲಿ ಅವರೂ ಇದ್ದದ್ದು ನನಗೆ ಗೊತ್ತಿರಲಿಲ್ಲ.

ಖೋಲಿಗೆ ಬಂದ ಮೇಲೆ ಹೇಳಿದರು: “ಲಾಯ್ಕಿತ್ತು ಮಾರಾಯ್ರೇ. ಆದ್ರೆ ನಾನು ಅತ್ತದ್ದು ಮಾತ್ರ ಬಂತಲ್ಲ?”

ಕೋಪವಿರಲಿಲ್ಲ. ಅದೇ ನನ್ನನ್ನು ಕೊಂದದ್ದು. ಕೇಳಿದ್ದನ್ನು ಹೇಳುವ ಹಕ್ಕು ನನಗಿಲ್ಲವೇ ಅಂತ ಒಳಗೊಳಗೇ ವಾದಿಸಿದೆ. ಇದ್ದೀತು. ಹಕ್ಕು ಬಿಟ್ಟುಕೊಟ್ಟರೆ ಜಗತ್ತಿನಲ್ಲಿ ಕತೆಯೇ ಹುಟ್ಟುವುದಿಲ್ಲ. ಹಾಗಾದರೆ ಒಪ್ಪಿಗೆ ಕೇಳಿದ್ದರೆ ಸಾಕಿತ್ತೇ? ಅದೂ ಸಾಲದು. ಕೇಳಿದ್ದರೆ ಅವರು “ಹೇಳಿ” ಅನ್ನುತ್ತಲೇ ಇದ್ದರು. ನನ್ನ ತಪ್ಪು ಅವರ ಅಳುವನ್ನು ಹೇಳಿದ್ದಲ್ಲ. ಅತ್ತ ಆ ಮನುಷ್ಯನೇ ಮುಂದೆ ಇನ್ನೊಬ್ಬ ಹಾಗೆ ಅಳದಂತೆ ಖೋಲಿಯ ಬಾಗಿಲು ತೆಗೆದಿಟ್ಟ ಎಂಬುದನ್ನು, ನಗು ಕಡಿಮೆಯಾದೀತೆಂದು ಬಿಟ್ಟದ್ದು.

ಆಮೇಲೆ ಅವರು ಊರಿಗೆ ಹೋದರು. ನಾನು ಈಗಲೂ ಆ ಕತೆ ಹೇಳುತ್ತೇನೆ, ಖೋಲಿಯನ್ನೂ ಸೇರಿಸಿ. ಜನ ಮೊದಲಿನಷ್ಟು ನಗುವುದಿಲ್ಲ.

ರಜೆಗೆ ಊರಿಗೆ ಬಂದು ಪರವೂರಿನ ಸಾಹಸ ಹೇಳುವವರು ನಿಮ್ಮಲ್ಲಿಯೂ ಇದ್ದಾರು. ಕೇಳಿ, ಸಂತೋಷಪಡಿ. ಕೊನೆಗೆ ಒಂದೇ ಒಂದು ಮಾತು ಕೇಳಿನೋಡಿ: ಬಂದಿಳಿದ ದಿನ ಚಾಪೆ ಹಾಸಿಕೊಟ್ಟವರು ಯಾರು?